ಗೋವಾದಿಂದ ಓಡಿ ಬಂದವರಲ್ಲಿ ಕ್ಯಾಥೊಲಿಕ್ಕರೂ ಇದ್ದರಾ? ಹಾಗಾದರೆ ಇನ್‌ಕ್ವಿಸಿಶನ್ ಹಿಂಸೆ ಕೊಟ್ಟದ್ದು ಯಾರಿಗೆ?

ಕಾರ್ಕಳದವ:

ಎಲ್ಲರಿಗೂ ನಮಸ್ಕಾರ. ನಾನು ಇತಿಹಾಸ ಓದಿದವನಲ್ಲ, ಬ್ಯಾಂಕ್ ನೌಕರಿ. ಒಂದು ವಿಷಯ ತಲೆ ತಿನ್ನುತ್ತಿದೆ. ಇಲ್ಲಿ ಓದಿಕೊಂಡವರು ಇದ್ದಾರೆ ಅಂತ ಕೇಳುತ್ತಿದ್ದೇನೆ.

ನಮ್ಮದು ಕೊಂಕಣಿ ಮನೆ. ಕುಲದೇವರು ಗೋವಾದ ಮಾರ್ದೋಳದ ಮ್ಹಾಳಸಾ. ಅಜ್ಜಿ ಹೇಳುತ್ತಿದ್ದ ಕತೆ ಇಷ್ಟು. ದೇವಿ ಮೊದಲು ವೆರ್ಣದಲ್ಲಿ ಇದ್ದಳು. ಫಿರಂಗಿಗಳು, ಅಂದರೆ ಪೋರ್ಚುಗೀಸರು, ಬಂದು ದೇವಸ್ಥಾನ ಕೆಡವಿದರು. ಊರವರು ದೇವಿಯನ್ನು ಹೊಳೆ ದಾಟಿಸಿ ಮಾರ್ದೋಳಕ್ಕೆ ಒಯ್ದರು. ನಮ್ಮ ಹಿರಿಯರು ಮಾತ್ರ ಅಲ್ಲಿ ನಿಲ್ಲದೆ ಇನ್ನೂ ಕೆಳಗೆ ಬಂದು ಕಾರ್ಕಳ ಸೇರಿದರು. ಚಿಕ್ಕಂದಿನಿಂದ ಕೇಳಿದ್ದರಿಂದ ಇದರಲ್ಲಿ ಪ್ರಶ್ನೆ ಕೇಳುವಂಥದ್ದು ಏನಿದೆ ಅನ್ನಿಸಿರಲಿಲ್ಲ.

ಮೊನ್ನೆ ಬ್ರಾಂಚಿನಲ್ಲಿ ಊಟದ ಹೊತ್ತಿಗೆ ಈ ಮಾತು ಬಂತು. ನನ್ನ ಸಹೋದ್ಯೋಗಿ ಒಬ್ಬ ಮಂಗಳೂರಿನ ಕ್ಯಾಥೊಲಿಕ್. ಅವನು ಹೇಳಿದ, “ನಮ್ಮ ಹಿರಿಯರೂ ಅದೇ ಇನ್‌ಕ್ವಿಸಿಶನ್‌ಗೆ ಹೆದರಿ ಗೋವಾ ಬಿಟ್ಟವರು.” ನಾನು ತಮಾಷೆ ಅಂದುಕೊಂಡು ನಕ್ಕೆ. ಅವನು ನಗಲಿಲ್ಲ. ಚರ್ಚಿನ ಕೋರ್ಟು ಚರ್ಚಿನವರನ್ನೇ ಓಡಿಸುವುದು ಹೇಗೆ? ಹಿಂಸೆ ಕೊಟ್ಟವರು, ಹಿಂಸೆ ತಿಂದವರು ಒಂದೇ ಕಡೆಯವರಾ?

ಇನ್ನೊಬ್ಬರು ಮಧ್ಯೆ ಬಾಯಿ ಹಾಕಿ, “ಕತ್ತಿ ಹಿಡಿದು ಕೊಂದರೆ ಅದು ಹಿಂಸೆ. ಊರು ಬಿಡಿಸಿದ್ದು, ತೆರಿಗೆ ಹಾಕಿದ್ದು, ಹಬ್ಬ ನಿಲ್ಲಿಸಿದ್ದು ಎಲ್ಲ ಆ ಕಾಲದ ರಾಜಕೀಯ, ಅದಕ್ಕೆಲ್ಲ ದೊಡ್ಡ ಹೆಸರು ಬೇಡ” ಅಂದರು. ಧಾರ್ಮಿಕ ಕಿರುಕುಳ ಅಂತ ಯಾವುದನ್ನು ಕರೆಯಬೇಕು? ಗೆರೆ ಎಲ್ಲಿ ಎಳೆಯುತ್ತಾರೆ?

ವಾಟ್ಸಾಪ್ ಫಾರ್ವರ್ಡ್ ದಯವಿಟ್ಟು ಬೇಡ. ಅದು ನನ್ನ ಹತ್ತಿರವೇ ಬೇಕಾದಷ್ಟಿದೆ.

ಘಟ್ಟದ ಮೇಲಿನವ:

ನಿಮ್ಮ ಗೆಳೆಯ ಕತೆ ಕಟ್ಟುತ್ತಿದ್ದಾನೆ ಅನ್ಸುತ್ತೆ. ಇನ್‌ಕ್ವಿಸಿಶನ್ ನಡೆಸಿದ್ದೇ ಚರ್ಚು, ಅದಕ್ಕೆ ಹೆದರಿ ಕ್ಯಾಥೊಲಿಕ್ಕರು ಯಾಕೆ ಓಡ್ತಾರೆ? ಮತ್ತೆ ಗೋವಾ ಗೋವಾ ಅನ್ನೋರು ಟಿಪ್ಪು ಕಾಲದ ಶ್ರೀರಂಗಪಟ್ಟಣದ ಸುದ್ದಿ ಬಂದರೆ ಸುಮ್ನಾಗಿಬಿಡ್ತಾರೆ. ಅದನ್ನೂ ಮಾತಾಡಿ.

ಬೆಂದೂರು ಟೀಚರ್:

ನಿಮ್ಮ ಗೆಳೆಯ ಹೇಳಿದ್ದು ಸರಿ. ನಾನೂ ಆ ಕಡೆಯವಳೇ, ಮಂಗಳೂರಿನ ಕ್ಯಾಥೊಲಿಕ್. ಹೈಸ್ಕೂಲಿನಲ್ಲಿ ಇತಿಹಾಸ ಪಾಠ ಮಾಡಿ ನಿವೃತ್ತಿ ಆದವಳು. ಈ ಪ್ರಶ್ನೆ ಕ್ಲಾಸಿನಲ್ಲಿ ಪ್ರತಿ ವರ್ಷ ಒಬ್ಬರಾದರೂ ಕೇಳುತ್ತಿದ್ದರು. ಉತ್ತರ ಸ್ವಲ್ಪ ಉದ್ದ ಉಂಟು, ಚಹಾ ಇಟ್ಟುಕೊಂಡು ಓದಿ.

ನಾವು ಎರಡು ವಿಷಯವನ್ನು ಒಂದೇ ಹೆಸರಿನಿಂದ ಕರೆಯುತ್ತೇವೆ, ಗೊಂದಲ ಆಗುವುದು ಅಲ್ಲಿ. ನಿಮ್ಮ ಹಿರಿಯರನ್ನು ಓಡಿಸಿದ್ದು ಹೆಚ್ಚಾಗಿ ಪೋರ್ಚುಗೀಸ್ ಸರ್ಕಾರದ ಕಾನೂನುಗಳು. ಇನ್‌ಕ್ವಿಸಿಶನ್ ಬೇರೆ. ಅದೊಂದು ಕೋರ್ಟು, ದೀಕ್ಷಾಸ್ನಾನ ಆದವರನ್ನು ವಿಚಾರಿಸಲಿಕ್ಕೆ ಮಾಡಿದ್ದು. ತಲೆಗೆ ನೀರು ಬಿದ್ದ ದಿನದಿಂದ ನೀವು ಅದರ ಕೈಯೊಳಗೆ. ಮತಾಂತರಕ್ಕೆ ಅಡ್ಡ ಬಂದರು, ಗುಟ್ಟಾಗಿ ಪೂಜೆ ಮಾಡಿಸಿದರು ಅಂತ ಹಿಂದೂಗಳನ್ನೂ ಎಳೆದುಕೊಂಡು ಹೋದದ್ದು ಉಂಟು. ಆದರೆ ಅದರ ಮುಖ್ಯ ಗಿರಾಕಿಗಳು ಕ್ರೈಸ್ತರೇ.

ಮೊದಲು ನಿಮ್ಮ ಕತೆ. ಪೋರ್ಚುಗೀಸರ ಅಲ್ಬುಕರ್ಕ್ ಗೋವಾ ಹಿಡಿದದ್ದು 1510ರಲ್ಲಿ. ಅವನಿಗೆ ದಾರಿ ತೋರಿಸಿದವನು ನಮ್ಮ ಹೊನ್ನಾವರ ಕಡೆಯ ತಿಮ್ಮಯ್ಯ, ಅದನ್ನು ನಾವು ಜಾಸ್ತಿ ಹೇಳಿಕೊಳ್ಳುವುದಿಲ್ಲ. ಮೊದಲ ಮೂವತ್ತು ವರ್ಷ ದೊಡ್ಡ ಗಲಾಟೆ ಇಲ್ಲ. 1540ರಲ್ಲಿ ತಿಸ್ವಾಡಿ ದ್ವೀಪದ ದೇವಸ್ಥಾನಗಳನ್ನು ಕೆಡವಿದರು. 1543ರಲ್ಲಿ ಬಾರ್ದೇಶ, ಸಾಷ್ಟಿ ಎರಡೂ ಅವರ ಕೈಗೆ ಬಂದವು. ನಿಮ್ಮ ವೆರ್ಣ ಇರುವುದು ಸಾಷ್ಟಿಯಲ್ಲಿ. 1567ರಲ್ಲಿ ರಾಚೋಲ್ ಕೋಟೆಯ ಕ್ಯಾಪ್ಟನ್ ಡಿಯೊಗೊ ರೊಡ್ರಿಗಸ್ ಅಲ್ಲಿನ ದೇವಸ್ಥಾನಗಳಿಗೆ ಬೆಂಕಿ ಇಡಿಸಿದ. ಲೆಕ್ಕ 280ರ ಹತ್ತಿರ ಹೋಗುತ್ತದೆ.

ಕಟ್ಟಡ ಉರಿದದ್ದು ಕಣ್ಣಿಗೆ ಕಾಣುತ್ತದೆ, ಹಾಗಾಗಿ ಎಲ್ಲರೂ ಅದನ್ನೇ ಹೇಳುತ್ತಾರೆ. ಜನ ಊರು ಬಿಟ್ಟದ್ದು ಅದರಿಂದ ಮಾತ್ರ ಅಂತ ನನಗೆ ಅನ್ನಿಸುವುದಿಲ್ಲ. ಗುಡಿ ಹೋದರೆ ದೇವರನ್ನು ಬೇರೆ ಕಡೆ ಇಟ್ಟು ಕೈ ಮುಗಿಯಬಹುದು. ಅದರ ಜೊತೆ ಬಂದ ಕಾಗದಗಳನ್ನು ನೋಡಿ. 1559ರಲ್ಲಿ ಒಂದು ಕಾನೂನು. ತಂದೆ, ತಾಯಿ, ಅಜ್ಜ, ಅಜ್ಜಿ ಯಾರೂ ಇಲ್ಲದ ಹಿಂದೂ ಮಗುವನ್ನು ಸಂತ ಪೌಲರ ಕಾಲೇಜಿಗೆ ಒಪ್ಪಿಸಬೇಕು, ಅಲ್ಲಿ ಕ್ರೈಸ್ತನಾಗಿ ಬೆಳೆಸುತ್ತಾರೆ. ಚಿಕ್ಕಪ್ಪ ಇದ್ದಾನೆ, ಸೋದರಮಾವ ಇದ್ದಾನೆ ಅಂದರೆ ಲೆಕ್ಕಕ್ಕಿಲ್ಲ. ನಿಮ್ಮದು ಕೂಡುಕುಟುಂಬ ಅಂತ ಇಟ್ಟುಕೊಳ್ಳಿ. ಅಣ್ಣ ಸತ್ತ, ಅತ್ತಿಗೆ ಹೋದಳು. ಮಗು ನಿಮ್ಮ ತೊಡೆ ಮೇಲೆ ಉಂಟು. ಆಳು ಬಂದು ಕೇಳಿದರೆ ಏನು ಮಾಡುತ್ತೀರಿ? ರಾತ್ರಿಯೇ ದೋಣಿ ಹತ್ತುತ್ತೀರಿ.

1560ರಲ್ಲಿ ವೈಸ್‌ರಾಯ್ ಒಂದಷ್ಟು ಬ್ರಾಹ್ಮಣರನ್ನು ಹೊರಗೆ ಹಾಕುವ ಆದೇಶ ಹೊರಡಿಸಿದ. ಹೊಲ ಪಾಳು ಬಿದ್ದು ಕಂದಾಯಕ್ಕೆ ಹೊಡೆತ ಬಿದ್ದದ್ದೇ ಮುಂದಿನ ವೈಸ್‌ರಾಯ್ ವಾಪಸ್ ಬನ್ನಿ ಅಂತ ಕರೆದ. ಆಮೇಲೆ ಹಿಂದೂಗಳು ಮನೆಯಲ್ಲಿ ಮದುವೆ ಮಾಡುವ ಹಾಗಿಲ್ಲ ಅಂತಾಯಿತು. ವರನ ಕಡೆಯವರು, ವಧುವಿನ ಕಡೆಯವರು ಹೊಳೆ ದಾಟಿ ಆಚೆ ದಡಕ್ಕೆ ಹೋಗಿ ಧಾರೆ ಎರೆದು ಬರುತ್ತಿದ್ದರು. ಭಾನುವಾರ ಪಾದ್ರಿಯ ಪ್ರಸಂಗ ಕೇಳಲಿಕ್ಕೆ ಸರದಿ ಪ್ರಕಾರ ಹೋಗಿ ಕೂರಬೇಕಿತ್ತು.

ಆಚೆ ದಡ ಅಂದೆನಲ್ಲ, ಅದು ಯಾರದ್ದು ಗೊತ್ತಾ? ಅಂತ್ರೂಜ್, ಅಂದರೆ ಈಗಿನ ಫೋಂಡಾ ತಾಲೂಕು. ಆಗ ಅದು ಬಿಜಾಪುರದ ಆದಿಲ್‌ಶಾಹನ ಕೈಯಲ್ಲಿತ್ತು. ಕುಠ್ಠಾಳಿಯ ಮಂಗೇಶ ಪ್ರಿಯೋಳಕ್ಕೆ ಹೋದ, ಕೆಳೋಶಿಯ ಶಾಂತಾದುರ್ಗೆ ಕವಳೆಗೆ ಹೋದಳು, ನಿಮ್ಮ ಮ್ಹಾಳಸಾ ಮಾರ್ದೋಳಕ್ಕೆ. ಮೂರೂ ಆ ತಾಲೂಕಿನಲ್ಲೇ. ಸಾರಸ್ವತರ ಕುಲದೇವರುಗಳು ಉಳಿದದ್ದು ಒಬ್ಬ ಮುಸ್ಲಿಂ ಸುಲ್ತಾನನ ಗಡಿಯೊಳಗೆ. ಆಮೇಲೆ ಆ ಸೀಮೆ ನಮ್ಮ ಶಿರಸಿ ಹತ್ತಿರದ ಸೋದೆ ಅರಸರಿಗೆ ಬಂತು. 1763ರ ಸುಮಾರಿಗೆ ಹೈದರಾಲಿ ಸೋದೆಯ ಮೇಲೆ ಬಿದ್ದಾಗ ಅರಸ ಓಡಿ ಹೋಗಿ ಆಶ್ರಯ ಪಡೆದದ್ದು ಗೋವಾದ ಪೋರ್ಚುಗೀಸರ ಹತ್ತಿರವೇ! ಅಷ್ಟರಲ್ಲಿ ಕಾಲ ಬದಲಾಗಿತ್ತು, ಫೋಂಡಾ ಅವರ ಕೈಗೆ ಬಂದಾಗ ಗುಡಿಗಳನ್ನು ಮುಟ್ಟಲಿಲ್ಲ.

ಈಗ ನಮ್ಮ ಕತೆ. ಇನ್‌ಕ್ವಿಸಿಶನ್ ಕೋರ್ಟು ಗೋವಾಕ್ಕೆ ಬಂದದ್ದು 1560ರಲ್ಲಿ. ಹಳೆ ಗೋವಾದಲ್ಲಿ ಆದಿಲ್‌ಶಾಹನ ಹಳೆಯ ಅರಮನೆಯಲ್ಲಿ ಅದರ ಠಾಣೆ. ಜನ ಅದರ ಹೆಸರು ಹೇಳಲಿಕ್ಕೂ ಹೆದರಿ ‘ವ್ಹಡ್ಲೆಂ ಘರ್’, ದೊಡ್ಡ ಮನೆ ಅನ್ನುತ್ತಿದ್ದರು. ಮೊದಲ ಕಣ್ಣು ಬಿದ್ದದ್ದು ಪೋರ್ಚುಗಲ್‌ನಿಂದ ಬಂದಿದ್ದ ಯಹೂದಿ ಮೂಲದ ಕ್ರೈಸ್ತರ ಮೇಲೆ. ಅಲ್ಲಿ ಅವರ ಹಿರಿಯರಿಗೆ ಬಲವಂತದ ದೀಕ್ಷಾಸ್ನಾನ ಆಗಿತ್ತು. ಗಾರ್ಸಿಯಾ ದ ಓರ್ತಾ ಹೆಸರು ಕೇಳಿರಬಹುದು, ದೊಡ್ಡ ವೈದ್ಯ. ನಮ್ಮ ಶುಂಠಿ, ಮೆಣಸು, ಔಷಧಿ ಗಿಡಗಳ ಬಗ್ಗೆ ಬರೆದ ಅವನ ಪುಸ್ತಕ 1563ರಲ್ಲಿ ಗೋವಾದಲ್ಲೇ ಅಚ್ಚಾಯಿತು. ಅವನು 1568ರಲ್ಲಿ ಸತ್ತ. ಮರುವರ್ಷ ಅವನ ತಂಗಿ ಕತಾರಿನಾಳನ್ನು ಗುಟ್ಟಾಗಿ ಯಹೂದಿ ಆಚಾರ ಪಾಲಿಸಿದಳೆಂದು ಸುಟ್ಟರು. 1580ರಲ್ಲಿ ಅವನ ಗೋರಿ ಅಗೆದು ಎಲುಬು ತೆಗೆದು ಅದನ್ನೂ ಸುಟ್ಟರು. ಸತ್ತು ಹನ್ನೆರಡು ವರ್ಷದ ಮೇಲೆ!

ಕ್ರಮೇಣ ಊರಿನ ಹೊಸ ಕ್ರೈಸ್ತರ ಸರದಿ ಬಂತು. ಸರ್ಕಾರ ಒತ್ತಾಯಿಸಿ, ಆಸೆ ತೋರಿಸಿ, ಕೆಲವು ಕಡೆ ಊರಿಗೆ ಊರನ್ನೇ ಸೇರಿಸಿಕೊಂಡಿತ್ತು. ಭಾನುವಾರ ಪೂಜೆಗೆ ಹೋಗುತ್ತಿದ್ದರು, ಮಗುವಿಗೆ ಜ್ವರ ಬಂದರೆ ಹಳೆಯ ದೇವರಿಗೂ ತೆಂಗಿನಕಾಯಿ ಇಡುತ್ತಿದ್ದರು. ಅಷ್ಟು ಸಾಕು. ದೂರು ಕೊಟ್ಟವರು ಯಾರು ಅಂತ ಹೇಳುವುದಿಲ್ಲ. ಏನು ಆಪಾದನೆ ಅಂತಲೂ ಹೇಳುವುದಿಲ್ಲ, ನೀವೇ ಊಹಿಸಿ ತಪ್ಪೊಪ್ಪಿಕೊಳ್ಳಬೇಕು. ಬಂಧಿಸಿದ ದಿನವೇ ಆಸ್ತಿಯ ಪಟ್ಟಿ ಮಾಡುತ್ತಾರೆ. ಪಕ್ಕದ ಮನೆಯವನಿಗೆ ನಿಮ್ಮ ತೋಟದ ಮೇಲೆ ಕಣ್ಣಿದ್ದರೆ ಮುಗಿಯಿತು.

ಒಳಗೆ ಏನಾಗುತ್ತಿತ್ತು ಅಂತ ಹೊರಗಿನವರಿಗೆ ತಿಳಿದದ್ದು ಹೆಚ್ಚಾಗಿ ಶಾರ್ಲ್ ಡೆಲ್ಲೊನ್ ಎಂಬ ಫ್ರೆಂಚ್ ವೈದ್ಯನಿಂದ. ಅವನೂ ಕ್ಯಾಥೊಲಿಕ್. 1673ರಲ್ಲಿ ದಮನ್‌ನಲ್ಲಿ ಹಿಡಿದರು. ವಿಗ್ರಹ, ದೀಕ್ಷಾಸ್ನಾನ ಇವುಗಳ ಬಗ್ಗೆ ಮಾತಿಗೆ ಮಾತು ಬೆಳೆಸಿದ್ದೇ ತಪ್ಪು. ಗೋವಾದ ಕೋಣೆಯಲ್ಲಿ ಒಬ್ಬನೇ ಇದ್ದು ಇದ್ದು ಸಾಯಲಿಕ್ಕೂ ನೋಡಿದ. 1676ರಲ್ಲಿ ಬರಿಗಾಲಲ್ಲಿ ಮೆರವಣಿಗೆ ಮಾಡಿಸಿ ತೀರ್ಪು ಓದಿದರು. ಆಸ್ತಿ ಮುಟ್ಟುಗೋಲು, ಐದು ವರ್ಷ ಸೆರೆಯಾಳಾಗಿ ದುಡಿತ. ಬಿಡುಗಡೆ ಆದ ಮೇಲೆ ಬರೆದು 1687ರಲ್ಲಿ ಅಚ್ಚು ಹಾಕಿಸಿದ, ಯುರೋಪೆಲ್ಲ ಓದಿತು.

ನಿಮ್ಮ ಇನ್ನೊಬ್ಬ ಸಹೋದ್ಯೋಗಿ ಕೊಂದರೆ ಮಾತ್ರ ಹಿಂಸೆ ಅಂದರಲ್ಲ, ಅವರಿಗೆ ಈ ಲೆಕ್ಕ ಕೊಡಿ. 1774ರವರೆಗೆ ಗೋವಾದ ಇನ್‌ಕ್ವಿಸಿಶನ್ 16 ಸಾವಿರಕ್ಕೂ ಹೆಚ್ಚು ಜನರನ್ನು ವಿಚಾರಣೆ ಮಾಡಿದೆ. ಮರಣದಂಡನೆ ಆದವರ ಸಂಖ್ಯೆ ಸಾಮಾನ್ಯವಾಗಿ 57 ಅಂತ ಕೊಡುತ್ತಾರೆ. ಸಾವು ಮಾತ್ರ ಎಣಿಸಿದರೆ ಇನ್ನೂರು ವರ್ಷಕ್ಕೆ 57, ಅಷ್ಟೇನಾ ಅನ್ನಬಹುದು. ಆದರೆ ಒಂದು ಊರಿನಲ್ಲಿ ಒಬ್ಬನನ್ನು ಎಳೆದುಕೊಂಡು ಹೋದರೆ ಉಳಿದವರೆಲ್ಲ ಅಡುಗೆಮನೆಯಲ್ಲೂ ಪಿಸುಗುಟ್ಟಿ ಮಾತಾಡುತ್ತಾರೆ. ಅದರ ಕೆಲಸವೇ ಅದು.

ಅಡುಗೆಮನೆ ಅಂತ ಸುಮ್ನೆ ಹೇಳಿದ್ದಲ್ಲ. 1736ರಲ್ಲಿ ಇನ್‌ಕ್ವಿಸಿಶನ್ ಒಂದು ದೊಡ್ಡ ಆಜ್ಞಾಪತ್ರ ಹೊರಡಿಸಿತು. ಕ್ರೈಸ್ತರ ಮನೆ ಹತ್ತಿರ ತುಳಸಿ ಗಿಡ ಇರಬಾರದು. ಗಂಡಸರು ಧೋತ್ರ ಉಡಬಾರದು, ಹೆಂಗಸರು ಚೋಳಿ ತೊಡಬಾರದು. ಮದುವೆಯಲ್ಲಿ ಓವಿ ಹಾಡಬಾರದು, ವೀಳ್ಯ ಹಂಚಬಾರದು, ಅರಿಸಿನ ಹಚ್ಚಬಾರದು. ಅನ್ನಕ್ಕೆ ಉಪ್ಪು ಹಾಕಿಯೇ ಬೇಯಿಸಬೇಕು! ಹಿಂದೂಗಳು ಉಪ್ಪಿಲ್ಲದೆ ಬೇಯಿಸಿ ಮೇಲೆ ಹಾಕಿಕೊಳ್ಳುತ್ತಾರೆ, ಅದಕ್ಕೆ. ಗಂಜಿಯ ಮಡಕೆಯಲ್ಲಿ ಉಪ್ಪು ಇದೆಯಾ ಅಂತ ಧರ್ಮ ಕಾಯುವವರು ನೋಡುವ ಕಾಲ. ಅದಕ್ಕೂ ಮುಂಚೆ 1684ರಲ್ಲಿ ವೈಸ್‌ರಾಯ್ ಕೊಂಕಣಿ ಮಾತಾಡುವುದನ್ನೇ ಬಿಡಿಸಲಿಕ್ಕೆ ಆದೇಶ ಮಾಡಿದ್ದ. ಮೂರು ವರ್ಷದಲ್ಲಿ ಎಲ್ಲರೂ ಪೋರ್ಚುಗೀಸ್ ಕಲಿಯಬೇಕಂತೆ.

ನಿಮ್ಮ ಗೆಳೆಯನ ಮನೆಯ ಮದುವೆಗೆ ಒಮ್ಮೆ ಹೋಗಿ, ಮದುವೆಯ ಹಿಂದಿನ ದಿನವೇ ಹೋಗಿ. ‘ರೋಸ್’ ಅಂತ ಮಾಡುತ್ತಾರೆ. ಮದುಮಗಳನ್ನು ಕೂರಿಸಿ ತೆಂಗಿನಕಾಯಿ ಹಾಲು ಹಚ್ಚುತ್ತಾರೆ, ತಲೆಗೆ ಎಣ್ಣೆ ಇಡುತ್ತಾರೆ. ವಯಸ್ಸಾದ ಬಾಯಮ್ಮಂದಿರು ಸುತ್ತ ನಿಂತು ವೊವಿಯೊ ಹಾಡುತ್ತಾರೆ. ಮೊದಲ ಸಾಲು ಶಿಲುಬೆಯ ಗುರುತು ಹಾಕಿಕೊಂಡೇ ಶುರು, ಧಾಟಿ ಮಾತ್ರ ನಿಮ್ಮ ಅಜ್ಜಿ ಬೀಸುವಾಗ ಹಾಡಿರಬಹುದಾದ ಓವಿಯದ್ದು. ಗೋವಾದಲ್ಲಿ ಅಪರಾಧ ಅಂತ ಬರೆದಿಟ್ಟದ್ದನ್ನು ನಾವು ಇಲ್ಲಿ ಮೈಕ್ ಹಾಕಿ ಹಾಡುತ್ತೇವೆ.

ಯಾಕೆ ಇಲ್ಲಿ ಉಳಿಯಿತು ಅಂದರೆ, ಕೆಳದಿ ನಾಯಕರ ಸೀಮೆಯಲ್ಲಿ ವ್ಹಡ್ಲೆಂ ಘರಿನ ಕೈ ಸಾಗುತ್ತಿರಲಿಲ್ಲ. ನಾಯಕರಿಗೆ ಗದ್ದೆ ಮಾಡುವ ಜನ ಬೇಕಿತ್ತು. ವೀರಶೈವ ಅರಸರು, ಕ್ಯಾಥೊಲಿಕ್ ರೈತರು, ಸಾರಸ್ವತ ವ್ಯಾಪಾರಿಗಳು. ಎಲ್ಲರೂ ಇನ್‌ಕ್ವಿಸಿಶನ್‌ಗೇ ಹೆದರಿ ಬಂದರು ಅಂತ ಹೇಳಿದರೆ ಅದೂ ಪೂರ್ತಿ ನಿಜ ಆಗುವುದಿಲ್ಲ. ಬರ ಇತ್ತು, ರೋಗ ಇತ್ತು, ತೆರಿಗೆ ಇತ್ತು. 1683ರಲ್ಲಿ ಸಂಭಾಜಿಯ ದಂಡು, 1739ರಲ್ಲಿ ಮತ್ತೆ ಮರಾಠರ ದಂಡು ಬಾರ್ದೇಶ, ಸಾಷ್ಟಿಗೆ ನುಗ್ಗಿದಾಗಲೂ ತುಂಬ ಜನ ಇತ್ತ ಬಂದರು. ನಿಮ್ಮ ಕಡೆಯವರಲ್ಲೂ ಹಾಗೇ. ಬಸ್ರೂರಿನ ಸಾರಸ್ವತ ವ್ಯಾಪಾರಿಗಳು ಅದೇ ಪೋರ್ಚುಗೀಸರಿಗೆ ಅಕ್ಕಿ ಮಾರುತ್ತಿದ್ದರು. ಕೆನರಾದ ಅಕ್ಕಿ ಇಲ್ಲದೆ ಗೋವಾದ ಹೊಟ್ಟೆ ತುಂಬುತ್ತಿರಲಿಲ್ಲ. ಗೋವಾದೊಳಗೇ ಉಳಿದು ಸರ್ಕಾರದ ಸುಂಕದ ಗುತ್ತಿಗೆ ಹಿಡಿದ ಹಿಂದೂ ಸೆಟ್ಟಿಗಳೂ ಇದ್ದರು. ದುಡ್ಡು ಬರುವ ಕಡೆ ಕಾನೂನು ಕಣ್ಣು ಮುಚ್ಚಿಕೊಳ್ಳುತ್ತದೆ ಅಲ್ವಾ.

ಗೆರೆ ಎಲ್ಲಿ ಅಂತ ಕೇಳಿದಿರಿ. ಅಂತಾರಾಷ್ಟ್ರೀಯ ಅಪರಾಧ ನ್ಯಾಯಾಲಯಕ್ಕಾಗಿ 1998ರಲ್ಲಿ ರೋಮ್‌ನಲ್ಲಿ ಮಾಡಿಕೊಂಡ ಒಪ್ಪಂದದಲ್ಲಿ ಇದಕ್ಕೆ ಒಂದು ವಿವರಣೆ ಉಂಟು. ಒಂದು ಗುಂಪಿಗೆ ಸೇರಿದವರು ಅನ್ನುವ ಕಾರಣಕ್ಕೇ ಅವರ ಮೂಲಭೂತ ಹಕ್ಕುಗಳನ್ನು ಬೇಕೆಂದೇ, ತೀವ್ರವಾಗಿ ಕಿತ್ತುಕೊಳ್ಳುವುದು ಅಂತ ಅದರ ಸಾರ. ಕೊಲ್ಲಬೇಕು ಅಂತ ಅದರಲ್ಲಿಲ್ಲ. ಮಗುವನ್ನು ಚಿಕ್ಕಪ್ಪನ ಕೈಯಿಂದ ಕಿತ್ತುಕೊಂಡರೆ ಆ ಗೆರೆ ದಾಟಿದ ಹಾಗೇ. ಎಲ್ಲರ ಮೇಲೂ ಹಾಕಿದ ತೆರಿಗೆ ಬರೀ ತೆರಿಗೆ. ನಿಮ್ಮ ದೇವರ ಕಾರಣಕ್ಕೆ ನಿಮ್ಮೊಬ್ಬರಿಗೇ ಹಾಕಿದರೆ ಲೆಕ್ಕ ಬೇರೆ.

ಟಿಪ್ಪು ವಿಷಯ ಕೇಳಿದವರಿಗೆ ಸಂಜೆ ಬರೆಯುತ್ತೇನೆ. ಸುಮ್ನಾಗುವವಳಲ್ಲ ನಾನು.

ಕಾರ್ಕಳದವ:

ಟೀಚರ್, ಅನಾಥ ಮಗುವಿನ ಕಾನೂನು ಓದಿ ಕೈ ನಿಂತುಹೋಯಿತು. ಅಜ್ಜಿಯ ಕತೆಯಲ್ಲಿ ಗುಡಿ ಇತ್ತು, ದೇವಿ ಇದ್ದಳು. ಮಕ್ಕಳ ಸುದ್ದಿ ಇರಲಿಲ್ಲ. ಗೆಳೆಯನಿಗೆ ನಿಮ್ಮ ಉತ್ತರ ತೋರಿಸಿದೆ. ತಂಗಿಯ ಮದುವೆಗೆ ಹಿಂದಿನ ದಿನವೇ ಬಾ ಅಂದಿದ್ದಾನೆ.

ಇನ್ನೊಂದು ಸಂಶಯ. ಇದು ಪರದೇಶದವರು ಬಂದು ಮಾಡಿದ್ದು. ನಮ್ಮ ನಮ್ಮಲ್ಲೇ ಇಂಥದ್ದು ಇರಲಿಲ್ಲ ಅಂತ ಹೇಳಬಹುದಾ?

ಬೆಳಗೊಳದ ಕಡೆಯವ:

ಹೇಳಬಹುದು, ಶಾಸನ ಓದದಿದ್ದರೆ.

ನಾನು ಹಾಸನ ಜಿಲ್ಲೆಯ ಜೈನ. ಶ್ರವಣಬೆಳಗೊಳದಲ್ಲಿ 1368ರ ಬುಕ್ಕರಾಯನ ಶಾಸನ ಇದೆ. ಸ್ಕೂಲಿನಲ್ಲಿ ‘ಬುಕ್ಕನ ಧರ್ಮಸಹಿಷ್ಣುತೆ’ ಅಂತ ಒಂದು ಸಾಲು ಓದಿರ್ತೀರಿ. ಸಹಿಷ್ಣುತೆ ಬೇಕಾಗಿದ್ದು ಯಾಕೆ ಅಂತ ಪಾಠದಲ್ಲಿ ಇರಲ್ಲ. ಆನೆಗೊಂದಿ, ಹೊಸಪಟ್ಟಣ, ಪೆನುಗೊಂಡೆ, ಕಲ್ಲೇಹದ ಪಟ್ಟಣ, ಹೀಗೆ ನಾಡುಗಳ ಜೈನರೆಲ್ಲ ಸೇರಿ ಶ್ರೀವೈಷ್ಣವರಿಂದ ನಮಗೆ ಅನ್ಯಾಯ ಆಗ್ತಿದೆ ಅಂತ ರಾಜನ ಹತ್ತಿರ ದೂರು ಒಯ್ದರು. ಜಗಳ ಯಾವುದಕ್ಕೆ ಅಂದ್ರೆ ಪಂಚಮಹಾವಾದ್ಯ ಮತ್ತು ಕಲಶ. ಮೆರವಣಿಗೆಯಲ್ಲಿ ಯಾರು ಬಾರಿಸಬಹುದು ಅನ್ನೋದು. ಈಗಲೂ ಪೊಲೀಸ್ ಸ್ಟೇಷನ್‌ಗೆ ಇಂಥ ಕೇಸೇ ಬರೋದು.

ಬುಕ್ಕ ಎರಡೂ ಕಡೆಯವರನ್ನು ಕರೆಸಿದ. ಜೈನರ ಕೈ ಹಿಡಿದು ಶ್ರೀವೈಷ್ಣವರ ಕೈಯಲ್ಲಿ ಇಟ್ಟ. ವೈಷ್ಣವ ದರ್ಶನಕ್ಕೂ ಜೈನ ದರ್ಶನಕ್ಕೂ ಭೇದ ಇಲ್ಲ, ವಾದ್ಯ ಕಲಶ ಜೈನರಿಗೂ ಸಲ್ಲುತ್ತೆ, ಜೈನರಿಗೆ ಏನಾದರೂ ಆದರೆ ವೈಷ್ಣವರೇ ತಮಗೆ ಆದ ಹಾಗೆ ನೋಡಿಕೊಳ್ಳಬೇಕು ಅಂದ. ಇದನ್ನು ಬಸದಿಗಳಲ್ಲಿ ಕಲ್ಲಿಗೆ ಹಾಕಿಸಿ ಅಂತಲೂ ಹೇಳಿದ. ಮಾಗಡಿ ಹತ್ತಿರದ ಕಲ್ಯದಲ್ಲೂ ಇದೇ ಶಾಸನ ಇದೆ.

ಪೂರ್ತಿ ಓದಿದರೆ ಇನ್ನೊಂದು ವಿಷಯ ಸಿಗುತ್ತೆ. ಬೆಳಗೊಳದಲ್ಲಿ ದೇವರ ಕಾವಲಿಗೆ ಇಪ್ಪತ್ತು ಆಳು ಇಡಬೇಕು. ಅವರನ್ನು ನೇಮಿಸೋರು ತಿರುಮಲೆಯ ತಾತಯ್ಯ, ಅಂದ್ರೆ ವೈಷ್ಣವರ ಕಡೆಯವರು. ದುಡ್ಡು? ರಾಜ್ಯದ ಜೈನರ ಮನೆಮನೆಯಿಂದ ವರ್ಷಕ್ಕೆ ಒಂದು ‘ಹಣ’, ಅಂದ್ರೆ ಆಗಿನ ಒಂದು ನಾಣ್ಯ. ಕಾವಲಿನವರ ಸಂಬಳ ಹೋಗಿ ಉಳಿದದ್ದರಲ್ಲಿ ಹಾಳಾದ ಜಿನಾಲಯಗಳಿಗೆ ಸುಣ್ಣ ಹೊಡೆಸಬೇಕು. ಜಿನಾಲಯ ಹಾಳಾಗಿದ್ದವು ಅನ್ನೋದು ಅಲ್ಲೇ ಬಂತು ನೋಡಿ. ತೊಂದರೆ ತಿಂದೋರೇ ಸೆಕ್ಯೂರಿಟಿ ಬಿಲ್ ಕಟ್ಟಬೇಕು! ಆದರೂ ಆ ಕಾಲಕ್ಕೆ ಅದು ದೊಡ್ಡ ತೀರ್ಪೇ, ನಾನು ಅಲ್ಲಗಳೆಯಲ್ಲ. ಬೇರೆ ರಾಜ ಆಗಿದ್ದರೆ ಜಾಸ್ತಿ ಜನ ಇರೋ ಕಡೆ ವಾಲಿಬಿಡ್ತಿದ್ದ.

ಅದಕ್ಕೂ ಹಿಂದಿನದು ಬೇಕಾದರೆ ಹಿರೇಕೆರೂರು ಹತ್ತಿರದ ಅಬ್ಬಲೂರಿಗೆ ಹೋಗಿ. ಶಿವಭಕ್ತ ಏಕಾಂತದ ರಾಮಯ್ಯ ಜೈನರ ಜೊತೆ ಪಣ ಕಟ್ಟಿ, ತಲೆ ಕತ್ತರಿಸಿಕೊಂಡು ಮತ್ತೆ ಪಡೆದು, ಜಿನನ ವಿಗ್ರಹ ಒಡೆದು ಹಾಕಿದ ಕತೆ ಸೋಮೇಶ್ವರ ಗುಡಿಯ ಶಾಸನದಲ್ಲಿದೆ. ಗೋಡೆಯಲ್ಲಿ ಅದರ ಶಿಲ್ಪವೂ ಇದೆ. ಗೆದ್ದವರು ಹೆಮ್ಮೆಯಿಂದ ಕೆತ್ತಿಸಿದ್ದು. ನಮ್ಮ ಕಡೆಯವರು ಏನು ಅಂದುಕೊಂಡರು ಅನ್ನೋದನ್ನ ಅಲ್ಲಿ ಯಾರೂ ಕೆತ್ತಿಸಲಿಲ್ಲ.

ಘಟ್ಟದ ಮೇಲಿನವ:

ಎಲ್ಲಾ ಸರಿ. ಸಂಜೆ ಆಯ್ತು ಟೀಚರ್.

ಬೆಂದೂರು ಟೀಚರ್:

ಆಯ್ತು ಮಾರಾಯ್ರೆ, ಬಂದೆ. ಬೆಳಗೊಳದವರಿಗೆ ಮೊದಲು ಥ್ಯಾಂಕ್ಸ್. ಆ ಒಂದು ಹಣದ ಲೆಕ್ಕ ನನ್ನ ಕ್ಲಾಸಿಗೆ ಸಿಕ್ಕಿದ್ದರೆ ಚೆನ್ನಾಗಿತ್ತು.

1784. ಎರಡನೇ ಮೈಸೂರು ಯುದ್ಧ ಮುಗಿಯುತ್ತಿತ್ತು. ಮಂಗಳೂರು ಕೋಟೆ ಇಂಗ್ಲಿಷರಿಂದ ಟಿಪ್ಪು ಕೈಗೆ ವಾಪಸ್ ಬಂದಿತ್ತು. ನಮ್ಮವರು ಇಂಗ್ಲಿಷರಿಗೆ ಸಹಾಯ ಮಾಡಿದರು ಅಂತ ಅವನಿಗೆ ಸಿಟ್ಟು. ಮಾಡಿದವರು ಕೆಲವರು ಇದ್ದಿರಬಹುದು. ಹಿಡಿಸಿದ್ದು ಮಾತ್ರ ಎಲ್ಲರನ್ನೂ. ಫೆಬ್ರವರಿಯ ವಿಭೂತಿ ಬುಧವಾರ ಅಂತ ನಮ್ಮಲ್ಲಿ ಹೇಳಿಕೊಂಡು ಬಂದಿದ್ದಾರೆ. ಹೆಂಗಸರು, ಮಕ್ಕಳು, ಮುದುಕರು ಎಲ್ಲರನ್ನೂ ಘಟ್ಟ ಹತ್ತಿಸಿ ಶ್ರೀರಂಗಪಟ್ಟಣಕ್ಕೆ ನಡೆಸಿದರು. ಎಷ್ಟು ಜನ ಅನ್ನುವುದಕ್ಕೆ ಅಂದಾಜುಗಳು 30 ಸಾವಿರದಿಂದ 60 ಸಾವಿರದ ಮೇಲೂ ಹೋಗುತ್ತವೆ. ದಾರಿಯಲ್ಲಿ ಸತ್ತರು, ಹಸಿವಿನಿಂದ, ಸಿಡುಬಿನಿಂದ ಸತ್ತರು. ಗಂಡುಮಕ್ಕಳಿಗೆ ಬಲವಂತದಿಂದ ಸುನ್ನತಿ ಮಾಡಿಸಿ ಸೈನ್ಯಕ್ಕೆ ಸೇರಿಸಿದರು. ಗದ್ದೆ, ಮನೆ ಬೇರೆಯವರ ಪಾಲಾಯಿತು. ಮಿಲಾಗ್ರಿಸ್ ಚರ್ಚು ಸೇರಿ ಕರಾವಳಿಯ ಚರ್ಚುಗಳನ್ನು ಕೆಡವಿದರು. ಮೂಡಬಿದಿರೆಯ ಹೊಸ್ಪೇಟೆ ಚರ್ಚು ಉಳಿದದ್ದು ಅಲ್ಲಿನ ಜೈನ ಅರಸ ಚೌಟರ ಮಾತಿನಿಂದ ಅಂತ ನಮ್ಮಲ್ಲಿ ಹೇಳುತ್ತಾರೆ. ಬೆಳಗೊಳದವರು ಇದನ್ನೂ ಬರೆದಿಟ್ಟುಕೊಳ್ಳಿ.

ಹದಿನೈದು ವರ್ಷ ಸೆರೆ. 1799ರ ಮೇ 4ಕ್ಕೆ ಕೋಟೆ ಬಿತ್ತು, ಉಳಿದವರು ವಾಪಸ್ ನಡೆದರು. ಹೋದವರಲ್ಲಿ ಒಂದು ಪಾಲು ಮಾತ್ರ. ಬಂದು ನೋಡಿದರೆ ಜಮೀನಿನಲ್ಲಿ ಬೇರೆ ಯಾರೋ ಉಳುತ್ತಿದ್ದಾರೆ. ಮತ್ತೆ ಕಲೆಕ್ಟರ ಕಚೇರಿ ಬಾಗಿಲು ಕಾಯಬೇಕಾಯಿತು.

ಇದು ಧಾರ್ಮಿಕ ಹಿಂಸೆಯೋ, ಯುದ್ಧದ ಶಿಕ್ಷೆಯೋ? ಈ ಜಗಳ ನಮ್ಮೂರಲ್ಲಿ ಮುಗಿಯುವುದಿಲ್ಲ. ನನ್ನ ಲೆಕ್ಕ ಹೀಗೆ. ದ್ರೋಹಕ್ಕೆ ಶಿಕ್ಷೆ ಅಂದರೆ ದ್ರೋಹ ಮಾಡಿದವನನ್ನು ಹಿಡಿಯಬೇಕು. ತೊಟ್ಟಿಲಿನ ಕೂಸು ಇಂಗ್ಲಿಷರ ಜನರಲ್ ಮ್ಯಾಥ್ಯೂಸ್‌ಗೆ ಅಕ್ಕಿ ಕೊಡಲಿಲ್ಲ. ಇಡೀ ಜನಾಂಗವನ್ನು ಹಿಡಿದು, ಮತ ಬದಲಿಸಿದರೆ ಬೇರೆ ನಡವಳಿಕೆ ಅಂದ ಮೇಲೆ ಅದು ಧಾರ್ಮಿಕ ಹಿಂಸೆಯೇ.

ಘಟ್ಟದ ಮೇಲಿನವರು ಇಷ್ಟಕ್ಕೇ ನಿಲ್ಲಿಸಿದರೆ ಖುಷಿ ಪಡುತ್ತಾರೆ, ಅದಕ್ಕೆ ನಿಲ್ಲಿಸುವುದಿಲ್ಲ. 1791ರಲ್ಲಿ ಶೃಂಗೇರಿ ಮಠ ಲೂಟಿ ಮಾಡಿದ್ದು ಪರಶುರಾಮ ಭಾವು ಜೊತೆ ಬಂದ ಮರಾಠರ ದಂಡು. ಮಠ ಮತ್ತೆ ಎದ್ದು ನಿಲ್ಲಲಿಕ್ಕೆ ಹಣ, ಧಾನ್ಯ ಕಳಿಸಿದ್ದು ಟಿಪ್ಪು. ಸ್ವಾಮಿಗಳಿಗೆ ಅವನು ಬರೆದ ಕನ್ನಡ ಪತ್ರಗಳು 1916ರಲ್ಲಿ ಮಠದಲ್ಲೇ ಸಿಕ್ಕಿದವು. ನಮ್ಮ ಮನೆಯವರಿಗೆ ಈ ಪತ್ರದ ಸುದ್ದಿ ಹೇಳಿದರೆ ಮುಖ ಸಿಂಡರಿಸುತ್ತಾರೆ. ಟಿಪ್ಪು ಅಭಿಮಾನಿಗಳಿಗೆ ವಿಭೂತಿ ಬುಧವಾರದ ಸುದ್ದಿ ಹೇಳಿದರೆ ಅವರೂ ಹಾಗೇ. ಎರಡೂ ನಡೆದದ್ದೇ, ಏನು ಮಾಡುವುದು.

ಇನ್ನು ‘ಯಾಕೆ ಸುಮ್ನಾಗ್ತಾರೆ’ ಅಂದಿರಲ್ಲ. ಗೋವಾದಿಂದ ಓಡಿ ಬಂದವರ ಮೊಮ್ಮಕ್ಕಳ ಮೊಮ್ಮಕ್ಕಳನ್ನೇ ಶ್ರೀರಂಗಪಟ್ಟಣಕ್ಕೆ ಎಳೆದದ್ದು. ಅಲ್ಲಿ ಸಾಕಷ್ಟು ಕ್ರೈಸ್ತರಲ್ಲ ಅಂತ, ಇಲ್ಲಿ ಕ್ರೈಸ್ತರು ಅಂತ. ಎರಡರಲ್ಲಿ ಒಂದನ್ನು ಆರಿಸಿಕೊಂಡು ಕೂಗಲಿಕ್ಕೆ ನಮಗೆ ಅನುಕೂಲ ಇಲ್ಲ.

ಘಟ್ಟದ ಮೇಲಿನವ:

ಶೃಂಗೇರಿ ಪತ್ರದ ವಿಷಯ ಗೊತ್ತಿತ್ತು. ಅದನ್ನ ರಾಜಕೀಯದ ನಾಟಕ ಅಂತಲೂ ಹೇಳಬಹುದು, ನಾನು ಅದನ್ನ ಅಷ್ಟು ದೊಡ್ಡದು ಮಾಡಲ್ಲ. ಮೂಡಬಿದಿರೆ ವಿಷಯ ಮಾತ್ರ ಕೇಳಿರಲಿಲ್ಲ.

ಕಾರ್ಕಳದವ:

ಮೂಡಬಿದಿರೆ ನಮಗೆ ಪಕ್ಕದಲ್ಲೇ, ಆ ಚರ್ಚಿನ ಮುಂದೆ ಎಷ್ಟು ಸಲ ಬಸ್ಸಿಗೆ ಹೋಗಿದ್ದೇನೆ! ಟೀಚರ್, ಮಾರ್ಚ್‌ನಲ್ಲಿ ಅಮ್ಮನನ್ನು ಮಾರ್ದೋಳಕ್ಕೆ ಕರೆದುಕೊಂಡು ಹೋಗುವವನಿದ್ದೇನೆ. ಈ ಕತೆಗೆ ಸಂಬಂಧಪಟ್ಟದ್ದು ನೋಡುವಂಥದ್ದು ಏನಿದೆ? ವ್ಹಡ್ಲೆಂ ಘರ್ ಈಗಲೂ ಇದೆಯಾ?

ಬೆಂದೂರು ಟೀಚರ್:

ಇಲ್ಲ. ಇನ್‌ಕ್ವಿಸಿಶನ್ ಅನ್ನು 1774ರಲ್ಲಿ ಒಮ್ಮೆ ಮುಚ್ಚಿದರು, 1778ರಲ್ಲಿ ಮತ್ತೆ ತೆರೆದರು, 1812ರಲ್ಲಿ ಪೂರ್ತಿ ಮುಚ್ಚಿದರು. ಕಟ್ಟಡ ಬಿದ್ದುಹೋಗಿದೆ, ಕಾಗದಪತ್ರ ಬಹುಪಾಲು ಸುಟ್ಟಿದ್ದಾರೆ. ಹಳೆ ಗೋವಾದಲ್ಲಿ ಸೆ ಕೆಥೆಡ್ರಲ್ ನೋಡಿ, ಅದರ ದೊಡ್ಡ ಗಂಟೆ ಈಗಲೂ ಉಂಟು. ಶಿಕ್ಷೆ ಓದುವ ದಿನ ಬಾರಿಸುತ್ತಿದ್ದ ಗಂಟೆ ಅದೇ. ಗೈಡುಗಳು ಗಂಟೆಯ ಸೈಜು ಹೇಳುತ್ತಾರೆ, ಉಳಿದದ್ದು ನೀವು ಕೇಳಿದರೆ ಮಾತ್ರ.

ಕಾರವಾರ ದಾರಿಯಲ್ಲಿ ಹೋಗುತ್ತೀರಲ್ಲ, ಕಾಣಕೋಣ ದಾಟಿ ಮಡಗಾಂವ್‌ಗೆ ಮುಂಚೆ ಕುಂಕಳ್ಳಿ ಸಿಗುತ್ತದೆ. ಅಲ್ಲಿ ಇಳಿಯಿರಿ. ಪೋರ್ಚುಗೀಸರು ಆ ಊರಿನ ಗುಡಿಗಳನ್ನು ಕೆಡವಿದ್ದರು. 1583ರ ಜುಲೈಯಲ್ಲಿ ಚರ್ಚು ಕಟ್ಟಲು ಜಾಗ ನೋಡಲಿಕ್ಕೆ ಬಂದ ಜೆಸ್ವಿಟ್ ಸಂಘದ ಐದು ಮಂದಿಯನ್ನು, ನಾಲ್ವರು ಪಾದ್ರಿಗಳು, ಒಬ್ಬ ಬ್ರದರ್, ಊರವರು ಕೊಂದರು. ಅವರಲ್ಲಿ ರೊಡೊಲ್ಫೊ ಅಕ್ವಾವಿವಾ ಅಕ್ಬರನ ಆಸ್ಥಾನದಲ್ಲಿ ಇದ್ದು ಬಂದವರು. ಆಮೇಲೆ ಮಾತುಕತೆಗೆ ಬನ್ನಿ ಅಂತ ಊರಿನ ಗಾಂವಕಾರರನ್ನು, ಅಂದರೆ ಮುಖಂಡರನ್ನು, ಅಸೊಳ್ಣಾ ಕೋಟೆಗೆ ಕರೆದು ಪೋರ್ಚುಗೀಸರು ಕೊಂದರು. ಹದಿನಾರು ಮಂದಿಯಲ್ಲಿ ಒಬ್ಬ ಹೊಳೆಗೆ ಹಾರಿ ತಪ್ಪಿಸಿಕೊಂಡ ಅಂತ ಊರವರು ಹೇಳುತ್ತಾರೆ. ಪಾದ್ರಿಗಳಿಗೆ ಒಂದು ಚಾಪೆಲ್ ಉಂಟು, ಗಾಂವಕಾರರಿಗೆ ಒಂದು ಸ್ಮಾರಕ ಉಂಟು. ಎರಡನ್ನೂ ನೋಡಿ, ಒಂದು ನೋಡಿ ಬರಬೇಡಿ.

ಊರಿನ ದೇವಿ ಶಾಂತಾದುರ್ಗಾ ಕುಂಕಳ್ಳಿಕಾರಿಣಿಯನ್ನು ಆಗಲೇ ಫಾತರ್ಪಾಕ್ಕೆ ಒಯ್ದಿದ್ದರು, ಈಗಲೂ ಅವಳು ಅಲ್ಲೇ. ಹೋಳಿ ಹೊತ್ತಿನ ಶಿಗ್ಮೋ ಹಬ್ಬದ ಸಮಯದಲ್ಲಿ ಒಮ್ಮೆ ಬಣ್ಣಬಣ್ಣದ ಛತ್ರಿ ಹಿಡಿದು ಊರಿಗೆ ಕರೆದು ತರುತ್ತಾರೆ. ಹನ್ನೆರಡು ಗಾಂವಕಾರ ಮನೆತನಕ್ಕೆ ಹನ್ನೆರಡು ಛತ್ರಿ. ಮತಾಂತರ ಆದ ಮನೆತನಗಳ ಕ್ಯಾಥೊಲಿಕ್ಕರೂ ಅದರಲ್ಲಿ ಸೇರುತ್ತಾರೆ. ನೀವು ಹೋಗುವುದು ಮಾರ್ಚ್‌ನಲ್ಲಿ ಅಂದಿರಿ, ಹೊರಡುವ ಮುಂಚೆ ಪಂಚಾಂಗ ನೋಡಿ ತಾರೀಕು ಹೊಂದಿಸಿಕೊಳ್ಳಿ. ಅವತ್ತು ಆ ದಾರಿಯಲ್ಲಿ ಟ್ರಾಫಿಕ್ ವಿಪರೀತ ಇರುತ್ತದೆ. ಅಮ್ಮನನ್ನು ಮೊದಲು ಮಾರ್ದೋಳಕ್ಕೆ ಮುಟ್ಟಿಸಿ, ಆಮೇಲೆ ನೀವು ಬನ್ನಿ.